ಮಲದಲ್ಲಿ ರಕ್ತ: ಊಹೆ ಬೇಡ, ಪರೀಕ್ಷೆ ಬೇಕು

ಏಪ್ರಿಲ್ ಬಂತೆಂದರೆ ರಾಯಚೂರಿನಲ್ಲಿ ಬಿಸಿಲು 40 ಡಿಗ್ರಿ ದಾಟುತ್ತದೆ. ಆ ದಿನಗಳಲ್ಲಿ ಸಂಡಾಸಿಗೆ ಹೋದಾಗ ರಕ್ತ ಕಂಡರೆ ಕಾರಣ ಹೇಳುವವರಿಗೆ ಬರವಿಲ್ಲ. ಮನೆಯ ಹಿರಿಯರು ‘ಉಷ್ಣವಾಗಿದೆ, ಮಜ್ಜಿಗೆ ಕುಡಿ’ ಎನ್ನುತ್ತಾರೆ. ಗೆಳೆಯರು ಹಿಂದಿನ ಸಂಜೆ ಮಂಡಕ್ಕಿ ಒಗ್ಗರಣೆಯ ಜೊತೆ ತಿಂದ ಮಿರ್ಚಿಯನ್ನು ನೆನಪಿಸುತ್ತಾರೆ. ಔಷಧಿ ಅಂಗಡಿಯಲ್ಲಿ ಪಕ್ಕದ ಗಿರಾಕಿ ಹೋಗುವವರೆಗೆ ಕಾದು, ದನಿ ತಗ್ಗಿಸಿ ಕೇಳಿದರೆ ಮೂಲವ್ಯಾಧಿಯ ಟ್ಯೂಬ್ ಕೈಗೆ ಬರುತ್ತದೆ. ಅಲ್ಲಿಗೆ ವಿಷಯ ಮುಗಿದಂತೆ. ರಕ್ತ ಎಲ್ಲಿಂದ ಬಂತು ಎಂದು ಯಾರೂ ನೋಡಿರುವುದಿಲ್ಲ.

ಮೂಲವ್ಯಾಧಿ ಎಂಬ ಊಹೆ ಬಹಳ ಸಲ ನಿಜವೇ ಆಗಿರುತ್ತದೆ. ಗುದದಿಂದ ರಕ್ತ ಹೋಗಲು ತೀರ ಸಾಮಾನ್ಯವಾದ ಕಾರಣಗಳೆಂದರೆ ಮೂಲವ್ಯಾಧಿ ಮತ್ತು ಗುದದ ಬಿರುಕು, ಅಂದರೆ ಫಿಷರ್. ಎರಡೂ ಸಾಮಾನ್ಯವಾಗಿ ಜೀವಕ್ಕೆ ಎರವಾಗುವಂಥವಲ್ಲ. ನನ್ನ ಆತಂಕ ಬೇರೆ. ಆಮಶಂಕೆ, ಕರುಳಿನ ಉರಿಯೂತ, ಜಠರದ ಹುಣ್ಣು, ಮಲಾಶಯದ ಕ್ಯಾನ್ಸರ್ ಎಲ್ಲವೂ ಅದೇ ದಾರಿಯಲ್ಲಿ ರಕ್ತವನ್ನು ಹೊರಗೆ ಕಳಿಸುತ್ತವೆ. ಮೂಲವ್ಯಾಧಿ ಇದೆ ಎಂದ ಮಾತ್ರಕ್ಕೆ ಇವುಗಳಲ್ಲಿ ಇನ್ನೊಂದು ಇರಬಾರದೆಂದೇನೂ ಇಲ್ಲ. ಒಬ್ಬರಲ್ಲೇ ಎರಡೂ ಇರಬಹುದು. ಆದ್ದರಿಂದ ರಕ್ತ ಕಂಡಾಗ ಮೊದಲು ಆಗಬೇಕಾದ್ದು ಔಷಧಿಯಲ್ಲ, ಪರೀಕ್ಷೆ.

ದೇಹದ ರಚನೆಯ ಒಂದು ಸಂಗತಿ ತಿಳಿದರೆ ಮುಂದಿನದೆಲ್ಲ ಸುಲಭವಾಗುತ್ತದೆ. ದೊಡ್ಡ ಕರುಳಿನ ಕೊನೆಯಲ್ಲಿ ಮಲ ಬಂದು ನಿಲ್ಲುವ ಸುಮಾರು 12ರಿಂದ 15 ಸೆಂಟಿಮೀಟರ್ ಉದ್ದದ ಭಾಗ ಮಲಾಶಯ. ಅಲ್ಲಿಂದ ಹೊರಕ್ಕೆ ಬರುವ ಮೂರ್ನಾಲ್ಕು ಸೆಂಟಿಮೀಟರಿನ ದಾರಿ ಗುದನಾಳ. ಈ ಗುದನಾಳದ ನಡುವೆ ಅಂಕುಡೊಂಕಾದ ಒಂದು ಗೆರೆಯಿದೆ. ಗೆರೆಯ ಕೆಳಗಿನ ಭಾಗದಲ್ಲಿ ಚರ್ಮದಲ್ಲಿರುವಂಥ ನರಗಳಿವೆ, ಅಲ್ಲಿ ಚಿಕ್ಕ ಗಾಯವಾದರೂ ಜೀವ ಹಿಂಡುತ್ತದೆ. ಗೆರೆಗಿಂತ ಮೇಲಿನ ಭಾಗದಲ್ಲಿ ಕೊಯ್ದರೂ ಕಟ್ಟಿದರೂ ಅಂಥ ನೋವು ತಿಳಿಯುವುದಿಲ್ಲ. ಅಂದರೆ ನೋವಿಲ್ಲ ಎಂಬುದು ಧೈರ್ಯ ತಂದುಕೊಳ್ಳುವ ಮಾತಲ್ಲ. ಒಳಮೂಲವ್ಯಾಧಿ ಸಾಮಾನ್ಯವಾಗಿ ನೋಯುವುದಿಲ್ಲ, ಮಲಾಶಯದ ಗಡ್ಡೆಯೂ ಮೊದಮೊದಲು ನೋಯುವುದಿಲ್ಲ. ಪ್ರಾಣ ಹೋಗುವಷ್ಟು ನೋವು ಕೊಡುವ ಫಿಷರ್ ಹೆಚ್ಚಾಗಿ ಬರೀ ಒಂದು ಸೀಳು.

ರಕ್ತದ ಬಣ್ಣವೂ ಅದು ಬಂದ ರೀತಿಯೂ ಸಾಕಷ್ಟು ಹೇಳುತ್ತವೆ. ಮಲ ಹೋದ ಮೇಲೆ ಹೊಳೆಯುವ ಕೆಂಪಿನ ತಾಜಾ ರಕ್ತ ಹನಿಹನಿಯಾಗಿ ತೊಟ್ಟಿಕ್ಕಿದರೆ ಅಥವಾ ಚಿಮ್ಮಿದರೆ, ನೋವಿಲ್ಲದಿದ್ದರೆ, ಅದು ಮೂಲವ್ಯಾಧಿಯ ಲಕ್ಷಣ. ಗಟ್ಟಿ ಮಲದ ಮೇಲೆ ಗೆರೆ ಎಳೆದಂತೆ ಸ್ವಲ್ಪ ರಕ್ತ, ಜೊತೆಗೆ ಕೊಯ್ದಂಥ ನೋವು ಇದ್ದರೆ ಫಿಷರ್. ರಕ್ತದ ಜೊತೆ ಲೋಳೆ ಬೆರೆತು, ಹೊಟ್ಟೆ ನುಲಿಯುತ್ತ, ಮತ್ತೆ ಮತ್ತೆ ಹೋಗಬೇಕೆನಿಸಿದರೆ ಕರುಳಿನ ಒಳಪದರಕ್ಕೆ ಸೋಂಕೋ ಉರಿಯೂತವೋ ತಗುಲಿರಬಹುದು. ರಕ್ತ ಮಲದೊಳಗೆ ಬೆರೆತು ಕಂದುಗೆಂಪಾಗಿದ್ದರೆ ಅದು ಇನ್ನೂ ಮೇಲಿನಿಂದ, ದೊಡ್ಡ ಕರುಳಿನ ಒಳಭಾಗದಿಂದ ಬಂದಿರುತ್ತದೆ. ಡಾಂಬರಿನಂತೆ ಕಪ್ಪಾಗಿ, ಅಂಟಂಟಾಗಿ, ಸಹಿಸಲಾಗದ ವಾಸನೆಯ ಮಲವಾದರೆ ರಕ್ತ ಸುರಿಯುತ್ತಿರುವುದು ಹೆಚ್ಚಾಗಿ ಜಠರ ಅಥವಾ ಸಣ್ಣ ಕರುಳಿನ ಆರಂಭದಲ್ಲಿ. ಅಲ್ಲಿನ ಆಮ್ಲ ಮತ್ತು ಜೀರ್ಣರಸಗಳಿಗೆ ಸಿಕ್ಕ ರಕ್ತ ಕಪ್ಪಾಗಿ ಬರುತ್ತದೆ.

ಕಬ್ಬಿಣಾಂಶದ ಮಾತ್ರೆ ನುಂಗುವವರ ಮಲವೂ ಕಪ್ಪಾಗುತ್ತದೆ, ಆದರೆ ಡಾಂಬರಿನ ಅಂಟು, ಆ ವಾಸನೆ ಅದಕ್ಕಿರುವುದಿಲ್ಲ. ಬೀಟ್‌ರೂಟ್ ತಿಂದ ಮರುದಿನ ಕಾಣುವ ಕೆಂಪು ಬಣ್ಣ ರಕ್ತವಲ್ಲ. ಗರ್ಭಿಣಿಯರು ಮತ್ತು ರಕ್ತಹೀನತೆಗೆ ಮಾತ್ರೆ ತೆಗೆದುಕೊಳ್ಳುವ ಹೆಣ್ಣುಮಕ್ಕಳು ಇದನ್ನು ನೆನಪಿಡಬೇಕು, ಗಾಬರಿಗೊಂಡು ಮಾತ್ರೆ ಬಿಡಬಾರದು.

ಕಪ್ಪು ಮಲದ ಬಗ್ಗೆ ಇನ್ನೊಂದು ಮಾತು ಹೇಳಲೇಬೇಕು. ಭತ್ತದ ನಾಟಿಯಲ್ಲಿ ದಿನವಿಡೀ ಬಗ್ಗಿ ಸೊಂಟ ಹಿಡಿದವರು, ಮಂಡಿನೋವಿನ ವೃದ್ಧರು, ಮೂಟೆ ಹೊರುವವರು ಡೈಕ್ಲೊಫೆನಾಕ್, ಅಸಿಕ್ಲೊಫೆನಾಕ್, ಐಬುಪ್ರೊಫೆನ್‌ನಂಥ ನೋವಿನ ಮಾತ್ರೆಗಳನ್ನು ತಿಂಗಳುಗಟ್ಟಲೆ ನುಂಗುತ್ತಾರೆ. ಚೀಟಿಯಿಲ್ಲದೆ, ಖಾಲಿ ಹೊಟ್ಟೆಯಲ್ಲಿ. ಇವು ಜಠರದ ಒಳಪದರದ ರಕ್ಷಣೆಯನ್ನು ಕಿತ್ತುಕೊಂಡು ಹುಣ್ಣು ಮಾಡುತ್ತವೆ. ಹೊಟ್ಟೆನೋವೇ ಇಲ್ಲದೆ ಒಂದು ದಿನ ಕಪ್ಪು ಮಲ, ತಲೆಸುತ್ತು ಕಾಣಿಸಿಕೊಳ್ಳಬಹುದು. ಹೆಲಿಕೊಬ್ಯಾಕ್ಟರ್ ಪೈಲೊರಿ ಎಂಬ ಬ್ಯಾಕ್ಟೀರಿಯಾವೂ ಇಂಥ ಹುಣ್ಣಿಗೆ ದೊಡ್ಡ ಕಾರಣ. ಮದ್ಯದಿಂದ ಯಕೃತ್ತು ಕೆಟ್ಟವರಲ್ಲಿ ಅನ್ನನಾಳದ ರಕ್ತನಾಳಗಳು ಉಬ್ಬಿ ಒಡೆಯುತ್ತವೆ. ಇವೆಲ್ಲ ಆಸ್ಪತ್ರೆಗೆ ಓಡಬೇಕಾದ ಸ್ಥಿತಿಗಳು.

ಇನ್ನು ಮೂಲವ್ಯಾಧಿ. ಗುದನಾಳದೊಳಗೆ ರಕ್ತನಾಳಗಳಿಂದ ತುಂಬಿದ ಮೂರು ಮೆತ್ತನೆಯ ದಿಂಡುಗಳು ಎಲ್ಲರಿಗೂ ಹುಟ್ಟಿನಿಂದಲೇ ಇರುತ್ತವೆ. ನಲ್ಲಿಗೆ ವಾಷರ್ ಇದ್ದಂತೆ ಅವು, ಗಾಳಿ ಮತ್ತು ನೀರು ಸೋರದಂತೆ ಬಿಗಿ ಹಿಡಿಯುತ್ತವೆ. ವರ್ಷಗಟ್ಟಲೆ ಮಲ ಹೋಗಲು ತಿಣುಕುವುದರಿಂದ, ಗರ್ಭದ ಭಾರದಿಂದ, ವಯಸ್ಸಿನಿಂದ ಅವುಗಳನ್ನು ಹಿಡಿದಿಟ್ಟ ಅಂಗಾಂಶ ಸಡಿಲವಾಗಿ ದಿಂಡು ಕೆಳಕ್ಕೆ ಜಾರುತ್ತದೆ, ಗಟ್ಟಿ ಮಲ ಉಜ್ಜಿದಾಗ ರಕ್ತ ಒಸರುತ್ತದೆ. ವೈದ್ಯರು ಇದನ್ನು 4 ಹಂತಗಳಾಗಿ ನೋಡುತ್ತಾರೆ. ಒಳಗೇ ಇದ್ದು ರಕ್ತ ಹೋಗುವುದು ಮೊದಲನೆಯದು. ತಿಣುಕಿದಾಗ ಹೊರಬಂದು ತಾನಾಗಿ ಒಳಹೋಗುವುದು ಎರಡನೆಯದು. ಕೈಯಿಂದ ಒತ್ತಿ ಒಳಗೆ ಕಳಿಸಬೇಕಾದದ್ದು ಮೂರನೆಯದು. ಒಳಗೆ ಹೋಗದೆ ಹೊರಗೇ ಉಳಿಯುವುದು ನಾಲ್ಕನೆಯದು. ಯಾವ ಹಂತ ಎಂಬುದರ ಮೇಲೆ ಚಿಕಿತ್ಸೆ ನಿಲ್ಲುತ್ತದೆ, ಆದ್ದರಿಂದ ಹೊರಗೆ ಏನಾದರೂ ಬರುತ್ತದೆಯೇ ಎಂದು ವೈದ್ಯರು ಕೇಳಿದಾಗ ನಾಚಿಕೆಯಿಂದ ‘ಇಲ್ಲ’ ಎನ್ನಬಾರದು.

ಮೂಲವ್ಯಾಧಿಗೂ ಫಿಷರಿಗೂ ಬೇರು ಮಲಬದ್ಧತೆಯಲ್ಲಿದೆ, ಮಲಬದ್ಧತೆಯ ಬೇರು ನಾವು ಬದುಕುವ ರೀತಿಯಲ್ಲಿದೆ. ತುಂಗಭದ್ರಾ ಎಡದಂಡೆ ಕಾಲುವೆಯ ನೀರು ಗಂಗಾವತಿ, ಸಿಂಧನೂರು, ಮಾನ್ವಿಗಳನ್ನು ಭತ್ತದ ನಾಡಾಗಿ ಮಾಡಿತು. ಜೋಳದ ಹೊಲ ಗದ್ದೆಯಾದಂತೆ ಅಲ್ಲಿನ ತಟ್ಟೆಯಲ್ಲೂ ರೊಟ್ಟಿ ಕಡಿಮೆಯಾಗಿ ಅನ್ನ ಹೆಚ್ಚಾಯಿತು. 100 ಗ್ರಾಂ ಜೋಳದಲ್ಲಿ ಸುಮಾರು 10 ಗ್ರಾಂ ನಾರಿನಂಶ ಇರುತ್ತದೆ, ಪಾಲಿಶ್ ಮಾಡಿದ ಅಕ್ಕಿಯಲ್ಲಿ 3 ಗ್ರಾಂಗೂ ಕಡಿಮೆ. ವಯಸ್ಕರಿಗೆ ದಿನಕ್ಕೆ 25ರಿಂದ 30 ಗ್ರಾಂ ನಾರು ಬೇಕು. ಮೂರು ಹೊತ್ತೂ ಅನ್ನ, ತಿಳಿಸಾರು ಉಂಡರೆ ಅದರ ಹತ್ತಿರವೂ ಹೋಗಲಾಗದು. ಎರಡು ಜೋಳದ ರೊಟ್ಟಿ, ಮೊಳಕೆ ಹೆಸರುಕಾಳಿನ ಪಲ್ಯ, ಪುಂಡಿಪಲ್ಯ, ಜೊತೆಗೆ ಕಡಿದುಕೊಳ್ಳಲು ಸೌತೆಕಾಯಿ, ಮೂಲಂಗಿ: ಅಜ್ಜಿಯರ ಕಾಲದ ಈ ಊಟವನ್ನು ಬಡತನದ ಊಟವೆಂದು ಬದಿಗೆ ಸರಿಸಿದವರು ಮತ್ತೆ ಹತ್ತಿರ ಕರೆದುಕೊಳ್ಳಲಿ ಎಂದು ಮನಸಾರೆ ಬಯಸುತ್ತೇನೆ. ಖಾರ ಮೂಲವ್ಯಾಧಿಯನ್ನು ಹುಟ್ಟಿಸುತ್ತದೆ ಎನ್ನಲು ಗಟ್ಟಿ ಆಧಾರವಿಲ್ಲ. ಆದರೆ ಗಾಯವಿದ್ದಾಗ ಉರಿ ಹೆಚ್ಚಿಸುತ್ತದೆ, ಹಾಗಾಗಿ ಗುಣವಾಗುವವರೆಗೆ ಕೆಂಪು ಚಟ್ನಿ ಕಡಿಮೆ ಮಾಡುವುದು ಒಳ್ಳೆಯದು.

ನೀರಿನ ಕಥೆ ಇನ್ನೂ ನೋವಿನದು. ಹತ್ತಿ ಬಿಡಿಸಲು ಹೋದ ಹೆಣ್ಣುಮಗಳು ಬಿಸಿಲಲ್ಲಿ ನಿಂತೂ ನೀರು ಕುಡಿಯುವುದಿಲ್ಲ, ಕುಡಿದರೆ ಹೋಗಲು ಮರೆಯಿಲ್ಲ. ಮನೆಯಲ್ಲಿ ಶೌಚಾಲಯವಿಲ್ಲದವರು, ಇದ್ದರೂ ನೀರಿಲ್ಲದವರು ತಂಬಿಗೆ ಹಿಡಿಯಲು ಕತ್ತಲಾಗುವುದನ್ನು ಕಾಯುತ್ತಾರೆ. ಬಳ್ಳಾರಿಯ ಜೀನ್ಸ್ ಘಟಕಗಳಲ್ಲಿ ಬೆಳಗಿನಿಂದ ರಾತ್ರಿಯವರೆಗೆ ಹೊಲಿಗೆ ಯಂತ್ರದ ಮುಂದೆ ಕುಳಿತು, ತುಂಡಿಗಿಷ್ಟು ಎಂದು ಕೂಲಿ ಪಡೆಯುವವರಿಗೂ ಎದ್ದು ಹೋಗುವುದೆಂದರೆ ಕೂಲಿಯ ನಷ್ಟ. ಮಲವನ್ನು ತಡೆದಷ್ಟೂ ಕರುಳು ಅದರ ನೀರನ್ನು ಹೀರಿ ಕಲ್ಲಾಗಿಸುತ್ತದೆ. ಇವರಿಗೆ ‘ನಾರು ತಿನ್ನಿ, ನೀರು ಕುಡಿಯಿರಿ’ ಎಂದು ಹೇಳಿ ಕೈತೊಳೆದುಕೊಂಡರೆ ಸಾಲದು. ಹೊಲದ ದಂಡೆಯಲ್ಲಿ, ಕೆಲಸದ ಜಾಗದಲ್ಲಿ ಬಾಗಿಲಿರುವ ಶೌಚಾಲಯ ಕಟ್ಟಿಸುವುದೂ ಮೂಲವ್ಯಾಧಿಯ ಚಿಕಿತ್ಸೆಯೇ.

ಮೊದಲೆರಡು ಹಂತಗಳಲ್ಲಿ ಬಹಳ ಮಂದಿಗೆ ಆಪರೇಷನ್ ಬೇಕಾಗುವುದಿಲ್ಲ. ನಾರಿನ ಊಟ, ನೀರು, ಮಲ ಮೆತ್ತಗಾಗಲು ರಾತ್ರಿ ಒಂದೆರಡು ಚಮಚ ಇಸಬ್‌ಗೋಲ್ ಸಾಕಾಗಬಹುದು. ಇಸಬ್‌ಗೋಲ್ ಜೊತೆ ತುಂಬಿದ ಲೋಟ ನೀರು ಕುಡಿಯಲೇಬೇಕು, ಇಲ್ಲದಿದ್ದರೆ ಅದೇ ಗಟ್ಟಿಯಾಗಿ ತೊಂದರೆ ಕೊಡುತ್ತದೆ. ಸಂಡಾಸಿನಲ್ಲಿ ಮೊಬೈಲ್ ಹಿಡಿದು ಕೂರುವುದನ್ನು ಬಿಡಬೇಕು, ಐದು ನಿಮಿಷದಲ್ಲಿ ಆಗದಿದ್ದರೆ ಎದ್ದುಬಂದು ಮತ್ತೆ ಹೋಗಬಹುದು. ಟ್ಯೂಬಿನ ಮುಲಾಮು ಉರಿ, ತುರಿಕೆ ತಗ್ಗಿಸುತ್ತದೆಯೇ ಹೊರತು ದಿಂಡನ್ನು ಕರಗಿಸುವುದಿಲ್ಲ. ಸ್ಟೀರಾಯ್ಡ್ ಬೆರೆತ ಮುಲಾಮನ್ನು ವಾರಗಟ್ಟಲೆ ಹಚ್ಚಿದರೆ ಅಲ್ಲಿನ ಚರ್ಮ ತೆಳ್ಳಗಾಗುತ್ತದೆ.

ರಕ್ತ ನಿಲ್ಲದಿದ್ದರೆ ಶಸ್ತ್ರಚಿಕಿತ್ಸಕರು ದಿಂಡಿನ ಬುಡಕ್ಕೆ ಚಿಕ್ಕ ರಬ್ಬರ್ ಬ್ಯಾಂಡ್ ಹಾಕುತ್ತಾರೆ. ಅರಿವಳಿಕೆ ಸಾಮಾನ್ಯವಾಗಿ ಬೇಕಿಲ್ಲ, ಅಂದೇ ಮನೆಗೆ ಹೋಗಬಹುದು. ಬ್ಯಾಂಡ್ ಕೂರುವುದು ಮೊದಲು ಹೇಳಿದ ಆ ಗೆರೆಗಿಂತ ಮೇಲೆ, ನೋವು ತಿಳಿಯದ ಭಾಗದಲ್ಲಿ. ರಕ್ತ ಸಿಗದ ದಿಂಡು ಒಣಗಿ ಕೆಲವು ದಿನಗಳಲ್ಲಿ ಉದುರುತ್ತದೆ, ಉದುರುವಾಗ ಸ್ವಲ್ಪ ರಕ್ತ ಕಾಣಬಹುದು. ದಿಂಡಿಗೆ ಔಷಧಿ ಚುಚ್ಚಿ ಕುಗ್ಗಿಸುವ ಇನ್ನೊಂದು ವಿಧಾನವಿದೆ. ಮೂರು, ನಾಲ್ಕನೇ ಹಂತದಲ್ಲಿ ಕತ್ತರಿಸಿ ತೆಗೆಯುವ ಅಥವಾ ಸ್ಟೇಪ್ಲರ್ ಬಳಸುವ ಆಪರೇಷನ್ ಬೇಕಾಗಬಹುದು. ಕತ್ತರಿಸಿದ ಆಪರೇಷನ್ನಿನ ನೋವು ಎರಡು ಮೂರು ವಾರ ಕಾಡುತ್ತದೆ, ಆದರೆ ಮರುಕಳಿಸುವುದು ಕಡಿಮೆ.

ಫಿಷರ್ ಏಕೆ ಬೇಗ ವಾಸಿಯಾಗುವುದಿಲ್ಲ ಎಂದು ರೋಗಿಗಳು ಕಂಗಾಲಾಗುತ್ತಾರೆ. ಸೀಳಿನ ನೋವಿಗೆ ಗುದದ ಒಳಸ್ನಾಯು ಬಿಗಿದುಕೊಳ್ಳುತ್ತದೆ. ಬಿಗಿದ ಸ್ನಾಯು ಆ ಜಾಗಕ್ಕೆ ರಕ್ತ ಹರಿಯಲು ಬಿಡುವುದಿಲ್ಲ, ರಕ್ತವಿಲ್ಲದೆ ಗಾಯ ಮಾಯುವುದಿಲ್ಲ. ನೋವಿಗೆ ಹೆದರಿ ಮಲ ತಡೆದರೆ ಅದು ಇನ್ನಷ್ಟು ಗಟ್ಟಿಯಾಗಿ ಮತ್ತೆ ಅಲ್ಲೇ ಸೀಳುತ್ತದೆ. ಈ ಸುತ್ತನ್ನು ಮುರಿಯುವುದೇ ಚಿಕಿತ್ಸೆ. ಅಗಲ ಬಾಯಿಯ ಟಬ್ಬಿನಲ್ಲಿ ಮುಂಗೈಗೆ ಹಿತವೆನಿಸುವಷ್ಟು ಬಿಸಿನೀರು ಹಾಕಿ, ಸೊಂಟದ ಕೆಳಭಾಗ ಮುಳುಗುವಂತೆ 10–15 ನಿಮಿಷ ಕೂರಬೇಕು. ದಿನಕ್ಕೆ ಎರಡು ಮೂರು ಸಲ, ಮಲ ಹೋದ ಮೇಲಂತೂ ತಪ್ಪದೆ. ಆ ನೀರಿಗೆ ಡೆಟಾಲ್ ಹಾಕುವ ಅಭ್ಯಾಸ ಬೇಡ, ಚರ್ಮ ಇನ್ನಷ್ಟು ಉರಿಯುತ್ತದೆ. ಸ್ನಾಯು ಸಡಿಲಿಸುವ ಡಿಲ್ಟಿಯಾಜೆಮ್ ಮುಲಾಮನ್ನು 6ರಿಂದ 8 ವಾರ ಹಚ್ಚಬೇಕಾಗುತ್ತದೆ. ನಾಲ್ಕು ದಿನಕ್ಕೆ ನೋವು ಇಳಿಯಿತೆಂದು ಬಿಟ್ಟರೆ ಮತ್ತೆ ಮೊದಲಿಗೆ ಬಂದು ನಿಲ್ಲಬೇಕಾಗುತ್ತದೆ. ಇದಕ್ಕೂ ಬಗ್ಗದ ಹಳೆಯ ಫಿಷರಿಗೆ ಒಳಸ್ನಾಯುವಿನ ಸ್ವಲ್ಪ ಭಾಗ ಕೊಯ್ದು ಬಿಗಿತ ತೆಗೆಯುತ್ತಾರೆ. ಹತ್ತರಲ್ಲಿ ಒಂಬತ್ತು ಮಂದಿಗೂ ಹೆಚ್ಚು ಜನ ಇದರಿಂದ ಗುಣವಾಗುತ್ತಾರೆ. ಕೆಲವರಿಗೆ ಗಾಳಿ ತಡೆಯುವ ಹಿಡಿತ ಸ್ವಲ್ಪ ಕಡಿಮೆಯಾಗುವ ಸಾಧ್ಯತೆಯಿದೆ, ಒಪ್ಪಿಗೆ ಕೊಡುವ ಮೊದಲು ಅದನ್ನು ಕೇಳಿ ತಿಳಿದುಕೊಳ್ಳಬೇಕು.

ಆಮಶಂಕೆ ಮಳೆಗಾಲದ ಹೊಸ ನೀರಿನ ಜೊತೆ ಬರುತ್ತದೆ. ಜ್ವರ, ನುಲಿತ, ಲೋಳೆ, ರಕ್ತ. ಶಿಗೆಲ್ಲಾ ಬ್ಯಾಕ್ಟೀರಿಯಾಕ್ಕೆ ಒಂದು ಔಷಧಿ, ಅಮೀಬಾಕ್ಕೆ ಇನ್ನೊಂದು. ಮಲಪರೀಕ್ಷೆ ಮಾಡಿಸಿ ವೈದ್ಯರು ಬರೆದುಕೊಟ್ಟದ್ದನ್ನೇ ತೆಗೆದುಕೊಳ್ಳಬೇಕು. ರಕ್ತಭೇದಿಯಲ್ಲಿ ಭೇದಿ ನಿಲ್ಲಿಸುವ ಮಾತ್ರೆ ನುಂಗುವುದು ಅಪಾಯಕಾರಿ. ಓಆರ್‌ಎಸ್ ಮಾತ್ರ ಮೊದಲ ಗಂಟೆಯಿಂದಲೇ ಇರಲಿ.

ತಿಂಗಳುಗಟ್ಟಲೆ ರಕ್ತ, ಲೋಳೆ ಹೋಗುತ್ತಿರುವ ಇಪ್ಪತ್ತು ಮೂವತ್ತರ ವಯಸ್ಸಿನವರಲ್ಲಿ ಅಲ್ಸರೇಟಿವ್ ಕೊಲೈಟಿಸ್ ಎಂಬ ದೊಡ್ಡ ಕರುಳಿನ ಉರಿಯೂತವಿರಬಹುದು. ಮೂಲವ್ಯಾಧಿಯೆಂದು ಟ್ಯೂಬ್ ಹಚ್ಚುತ್ತ ಸೊರಗುವವರು ಇವರೇ. ಮೆಸಲಮೈನ್‌ನಂಥ ಔಷಧಿಗಳಿಂದ ಇದನ್ನು ಹತೋಟಿಯಲ್ಲಿಡಬಹುದು, ಆದರೆ ದೀರ್ಘಕಾಲ ತೆಗೆದುಕೊಳ್ಳಬೇಕು. ಕರುಳಿನ ಕ್ಷಯವೂ ನಮ್ಮ ದೇಶದಲ್ಲಿ ಅಪರೂಪವಲ್ಲ. ಎರಡರಿಂದ ಹತ್ತು ವರ್ಷದ ಮಕ್ಕಳಲ್ಲಿ ನೋವಿಲ್ಲದೆ ರಕ್ತ ಹೋದರೆ ಪಾಲಿಪ್ ಎಂಬ ಸಣ್ಣ ಕುಡಿಯಿರಬಹುದು, ಗುದದ ಮೂಲಕ ಒಳಗೆ ನೋಡುವ ದುರ್ಬೀನಿನಲ್ಲೇ ಅದನ್ನು ತೆಗೆಯಬಹುದು. ಹಸುಗೂಸು ತಡೆತಡೆದು ಚೀರುತ್ತ, ಕಾಲು ಮಡಚುತ್ತ, ಕೆಂಪು ಲೋಳೆಯಂಥ ಮಲ ಹಾಕಿದರೆ ಕರುಳು ಕರುಳಿನೊಳಗೆ ಸಿಕ್ಕಿಕೊಂಡಿರಬಹುದು. ಅದಕ್ಕೆ ದೃಷ್ಟಿ ತೆಗೆಯುತ್ತ ಕೂರದೆ ಆ ಗಂಟೆಯೇ ದೊಡ್ಡಾಸ್ಪತ್ರೆಗೆ ಒಯ್ಯಬೇಕು.

ಕ್ಯಾನ್ಸರಿನ ವಿಷಯಕ್ಕೆ ಬರೋಣ. ಮಲಾಶಯದ ಕ್ಯಾನ್ಸರ್ ನಮ್ಮ ದೇಶದಲ್ಲಿ ನಲವತ್ತರ ಒಳಗಿನವರನ್ನೂ ಬಿಡುವುದಿಲ್ಲ. ‘ಇನ್ನೂ ಚಿಕ್ಕ ವಯಸ್ಸು’ ಎಂಬ ಸಮಾಧಾನ ಸಾಲದು. ಬೆಳಿಗ್ಗೆ ಒಂದು ಸಲ ಹೋಗುತ್ತಿದ್ದವರಿಗೆ ವಾರಗಟ್ಟಲೆ ಒಮ್ಮೆ ಭೇದಿ, ಒಮ್ಮೆ ಮಲಬದ್ಧತೆ, ಹೋಗಿ ಬಂದರೂ ಇನ್ನೂ ಉಳಿದಿದೆ ಎಂಬ ಭಾವ, ಮಲ ಸಣ್ಣ ಎಳೆಯಂತಾಗುವುದು, ಕಾರಣವಿಲ್ಲದೆ ತೂಕ ಇಳಿಯುವುದು, ಹಿಮೋಗ್ಲೋಬಿನ್ ಕುಸಿಯುವುದು. ರಕ್ತದ ಜೊತೆ ಇವುಗಳಲ್ಲಿ ಒಂದಿದ್ದರೂ ತಡಮಾಡಬಾರದು. ಹೆಣ್ಣುಮಕ್ಕಳ ರಕ್ತಹೀನತೆಯನ್ನು ಮುಟ್ಟಿನ ಲೆಕ್ಕಕ್ಕೆ ಹಾಕಿ ಕರುಳನ್ನು ಮರೆಯುವುದುಂಟು, ಮುಟ್ಟು ನಿಂತ ಮೇಲೂ ರಕ್ತ ಕಡಿಮೆಯಾಗುತ್ತಿದ್ದರೆ ಕರುಳಿನ ಪರೀಕ್ಷೆ ಆಗಲೇಬೇಕು.

ಪರೀಕ್ಷೆಯ ಹೆದರಿಕೆಯೇ ಬಹಳ ಜನರನ್ನು ಆಸ್ಪತ್ರೆಯಿಂದ ದೂರವಿಡುತ್ತದೆ, ಹಾಗಾಗಿ ಅದು ಹೇಗಿರುತ್ತದೆಂದು ಹೇಳುತ್ತೇನೆ. ಪರದೆ ಎಳೆದ ಜಾಗದಲ್ಲಿ ಎಡಮಗ್ಗುಲಾಗಿ, ಮಂಡಿಗಳನ್ನು ಎದೆಯ ಕಡೆ ಮಡಚಿ ಮಲಗಬೇಕು. ವೈದ್ಯರು ಕೈಗವಸು ಹಾಕಿ, ಜೆಲ್ಲಿ ಹಚ್ಚಿದ ಒಂದು ಬೆರಳನ್ನು ಮೆಲ್ಲಗೆ ಒಳಗಿಟ್ಟು ಸುತ್ತಲೂ ತಡವಿ ನೋಡುತ್ತಾರೆ. ಬಾಯಿಂದ ಉದ್ದನೆಯ ಉಸಿರು ಬಿಟ್ಟರೆ ಸ್ನಾಯು ಸಡಿಲವಾಗುತ್ತದೆ. ಒಂದು ನಿಮಿಷದ ಕೆಲಸ. ಮಲಾಶಯದ ಗಡ್ಡೆಗಳಲ್ಲಿ ಅನೇಕವು ಈ ಬೆರಳಿಗೇ ಸಿಗುತ್ತವೆ. ನಂತರ ಪ್ರಾಕ್ಟೊಸ್ಕೋಪ್ ಎಂಬ ಗೇಣಿಗೂ ಚಿಕ್ಕದಾದ ಕೊಳವೆಯಿಂದ ಮೂಲವ್ಯಾಧಿಯ ದಿಂಡುಗಳನ್ನು ನೋಡುತ್ತಾರೆ. ತೀವ್ರ ನೋವಿನ ಫಿಷರ್ ಇದ್ದರೆ ಅಂದು ಬೆರಳು ಹಾಕದೆ ಮುಂದೂಡುತ್ತಾರೆ. ಮಹಿಳೆಯರು ಮಹಿಳಾ ವೈದ್ಯರನ್ನು ಕೇಳಬಹುದು, ಇಲ್ಲವೇ ನರ್ಸ್ ಪಕ್ಕದಲ್ಲಿರಲಿ ಎನ್ನಬಹುದು. ಬೆರಳಿನ ಪರೀಕ್ಷೆಯನ್ನೇ ಮಾಡದೆ ‘ಪೈಲ್ಸ್’ ಎಂದು ಚೀಟಿ ಬರೆದುಕೊಟ್ಟರೆ ‘ನೋಡಿ ಹೇಳಿ ಡಾಕ್ಟ್ರೇ’ ಎಂದು ಕೇಳುವ ಹಕ್ಕು ರೋಗಿಗಿದೆ.

ರಕ್ತ ಕಂಡವರಲ್ಲಿ ನಲವತ್ತು ದಾಟಿದವರಿಗೆ, ಅಪಾಯದ ಲಕ್ಷಣ ಇರುವವರಿಗೆ, ಹೆತ್ತವರಿಗೋ ಒಡಹುಟ್ಟಿದವರಿಗೋ ಕರುಳಿನ ಕ್ಯಾನ್ಸರ್ ಆಗಿದ್ದವರಿಗೆ ಕೊಲೊನೊಸ್ಕೋಪಿ ಬೇಕಾಗುತ್ತದೆ. ಕ್ಯಾಮೆರಾ ಇರುವ ಬಾಗುವ ಕೊಳವೆಯಿಂದ ದೊಡ್ಡ ಕರುಳನ್ನು ಪೂರ್ತಿ ನೋಡುವ ಪರೀಕ್ಷೆ ಇದು. ಅರ್ಧ ಗಂಟೆಯ ಆ ಪರೀಕ್ಷೆಗಿಂತ ಹಿಂದಿನ ದಿನ ಲೀಟರುಗಟ್ಟಲೆ ಔಷಧಿ ನೀರು ಕುಡಿದು ಕರುಳು ಸ್ವಚ್ಛ ಮಾಡಿಕೊಳ್ಳುವುದೇ ಪ್ರಯಾಸದ ಕೆಲಸ. ಪಾಲಿಪ್ ಕ್ಯಾನ್ಸರ್ ಆಗಲು ಸಾಮಾನ್ಯವಾಗಿ 10 ವರ್ಷದಷ್ಟು ಕಾಲ ಹಿಡಿಯುತ್ತದೆ, ಅಷ್ಟರೊಳಗೆ ಕಂಡರೆ ಅಲ್ಲೇ ತೆಗೆದು ಕ್ಯಾನ್ಸರನ್ನೇ ತಡೆಯಬಹುದು. ಗಡ್ಡೆ ಕರುಳಿನಲ್ಲೇ ಇರುವಾಗ ಸಿಕ್ಕಿಬಿದ್ದರೆ ಹತ್ತರಲ್ಲಿ ಒಂಬತ್ತು ಮಂದಿ 5 ವರ್ಷ ದಾಟಿ ಬದುಕುತ್ತಾರೆ, ದೂರದ ಅಂಗಗಳಿಗೆ ಹರಡಿದ ಮೇಲೆ ಹತ್ತರಲ್ಲಿ ಇಬ್ಬರೂ ಇಲ್ಲ ಎನ್ನುತ್ತವೆ ಅಮೆರಿಕದ ಕ್ಯಾನ್ಸರ್ ದಾಖಲೆಗಳು. ಆಪರೇಷನ್, ಕೀಮೊ, ವಿಕಿರಣ ಮೂರೂ ಇದರ ಚಿಕಿತ್ಸೆಗಳು. ಕೆಲವರಿಗೆ ಹೊಟ್ಟೆಯ ಮೇಲೆ ಮಲದ ಚೀಲ ಇಡಬೇಕಾಗುತ್ತದೆ, ಅನೇಕರಿಗೆ ಅದು ತಾತ್ಕಾಲಿಕ.

ಇಷ್ಟು ದಾರಿಗಳಿದ್ದೂ ಜನ ಹೋಗುವುದು ‘ಆಪರೇಷನ್ ಇಲ್ಲದೆ ಒಂದೇ ದಿನದಲ್ಲಿ ಗ್ಯಾರಂಟಿ’ ಎಂದು ಗೋಡೆಯ ಮೇಲೆ ಬರೆಸಿದವರ ಬಳಿಗೆ. ಅಲ್ಲಿ ಏನೆಂದು ತಿಳಿಯದ ದ್ರಾವಣ ಚುಚ್ಚಿಸಿಕೊಂಡು ಸ್ನಾಯು ಸುಟ್ಟುಕೊಂಡವರಿದ್ದಾರೆ, ಗುದದ್ವಾರ ಕಿರಿದಾಗಿ ಬದುಕೇ ನರಕವಾದವರಿದ್ದಾರೆ. ಇದು ನನಗೆ ಸಿಟ್ಟು ತರಿಸುತ್ತದೆ. ಆಯುರ್ವೇದದ ಕ್ಷಾರಸೂತ್ರ, ಅಂದರೆ ಔಷಧಿ ಲೇಪಿಸಿದ ದಾರ ಕಟ್ಟುವ ಚಿಕಿತ್ಸೆ, ಬೇರೆಯೇ ವಿಷಯ. ಗುದದ ಪಕ್ಕದಲ್ಲಿ ಕೀವು ಸೋರುವ ಭಗಂದರಕ್ಕೆ (ಫಿಸ್ಟುಲಾ) ಕ್ಷಾರಸೂತ್ರ ಮತ್ತು ಆಪರೇಷನ್‌ಗಳನ್ನು ಹೋಲಿಸಿ ಭಾರತೀಯ ವೈದ್ಯಕೀಯ ಸಂಶೋಧನಾ ಮಂಡಳಿ ನಡೆಸಿದ ಅಧ್ಯಯನ 1991ರಲ್ಲಿ ಪ್ರಕಟವಾಯಿತು. ದಾರದ ವಿಧಾನದಲ್ಲಿ ಗಾಯ ಮಾಯಲು ಹೆಚ್ಚು ದಿನ ಹಿಡಿದರೂ ರೋಗ ಮರುಕಳಿಸಿದ್ದು ಕಡಿಮೆ. ಅದನ್ನು ಕಲಿತ ಆಯುರ್ವೇದ ಶಸ್ತ್ರಚಿಕಿತ್ಸಕರೇ ಮಾಡಬೇಕು. ಬಳ್ಳಾರಿಯಲ್ಲಿ ತಾರಾನಾಥ ಸರ್ಕಾರಿ ಆಯುರ್ವೇದ ಕಾಲೇಜೇ ಇದೆ. ಅಲೋಪಥಿಗೆ ರಾಯಚೂರಿನ ರಿಮ್ಸ್, ಕೊಪ್ಪಳದ ಕಿಮ್ಸ್, ಈಚಿನವರೆಗೆ ವಿಮ್ಸ್ ಎಂದೇ ಕರೆಯುತ್ತಿದ್ದ ಬಳ್ಳಾರಿಯ ವೈದ್ಯಕೀಯ ಕಾಲೇಜು ಆಸ್ಪತ್ರೆಗಳಿವೆ. ಆಯುಷ್ಮಾನ್ ಭಾರತ್–ಆರೋಗ್ಯ ಕರ್ನಾಟಕ ಯೋಜನೆಯಲ್ಲಿ ಬಿಪಿಎಲ್ ಕುಟುಂಬಕ್ಕೆ ವರ್ಷಕ್ಕೆ 5 ಲಕ್ಷ ರೂಪಾಯಿವರೆಗಿನ ಚಿಕಿತ್ಸೆಗೆ ನೆರವು ಸಿಗುತ್ತದೆ. ಪಡಿತರ ಚೀಟಿ, ಆಧಾರ್ ಜೊತೆಗಿರಲಿ.

ಕೆಲವು ಸ್ಥಿತಿಗಳಲ್ಲಿ ಬೆಳಗಾಗುವವರೆಗೂ ಕಾಯಬಾರದು. ರಕ್ತ ಗಡ್ಡೆಗಡ್ಡೆಯಾಗಿ ಸುರಿಯುತ್ತಿದ್ದರೆ, ಡಾಂಬರಿನಂಥ ಕಪ್ಪು ಮಲವಾದರೆ, ರಕ್ತ ವಾಂತಿಯಾದರೆ, ಎದ್ದು ನಿಂತಾಗ ಕಣ್ಣು ಕತ್ತಲೆಯಾದರೆ, ಮೈ ತಣ್ಣಗೆ ಬೆವರಿದರೆ 108ಕ್ಕೆ ಕರೆ ಮಾಡಬೇಕು. ಬಾಯಿಂದ ಕ್ಯಾಮೆರಾ ಕೊಳವೆ ಇಳಿಸಿ ನೋಡುವ ಎಂಡೊಸ್ಕೋಪಿ ಬೇಕಾಗಬಹುದಾದ್ದರಿಂದ ಊಟ ಕೊಡಬಾರದು. ಹೃದಯಕ್ಕಾಗಿ ಆಸ್ಪಿರಿನ್, ಕ್ಲೊಪಿಡೋಗ್ರೆಲ್‌ನಂಥ ರಕ್ತ ತೆಳುವಾಗಿಸುವ ಮಾತ್ರೆ ತೆಗೆದುಕೊಳ್ಳುವವರು ಅದನ್ನು ತಾವಾಗಿ ಶಾಶ್ವತವಾಗಿ ಬಿಟ್ಟುಬಿಡದೆ, ಬೇಕೋ ಬೇಡವೋ ಎಂಬ ನಿರ್ಧಾರವನ್ನು ವೈದ್ಯರಿಗೆ ಬಿಡಬೇಕು. ನುಂಗುವ ಎಲ್ಲ ಮಾತ್ರೆಗಳ ಹಾಳೆಗಳನ್ನು, ನೋವಿನ ಮಾತ್ರೆಯನ್ನೂ ಸೇರಿಸಿ, ಚೀಲಕ್ಕೆ ಹಾಕಿಕೊಂಡು ಹೋಗಿ ತುರ್ತು ಚಿಕಿತ್ಸೆಯ ವೈದ್ಯರ ಮುಂದೆ ಇಡಬೇಕು.